ಓಸ್ವಾಲ್ಡನ ಸೇಬಿನ ಬಾಣಲೆ

ಊರಿಗೊಬ್ಬ ಮಾತಿನಮಲ್ಲ ಇದ್ದೇ ಇರುತ್ತಾನೆ. ಫ್ಯೂನ್ ದ್ವೀಪದ ಕ್ರಾಗೆಲುಂಡ್ ಎಂಬ ಹಳ್ಳಿಯಲ್ಲೂ ಆ ಜಾಗ ಖಾಲಿಯಿರಲಿಲ್ಲ. ಓಸ್ವಾಲ್ಡ್ ಯೂಲರ್ ಮೀಸೆ ಬರುವ ಮೊದಲೇ ಅಲ್ಲಿ ಕುಳಿತಿದ್ದ, ಮೀಸೆ ನರೆತ ಮೇಲೂ ಎದ್ದಿರಲಿಲ್ಲ. ಕೆಟ್ಟವನಲ್ಲ. ಒಂದಷ್ಟು ಹಸು, ಹಂದಿ, ಒಂದು ನಾಯಿ, ಒಂದು ಸೇಬಿನ ತೋಟ, ಪೆತ್ರೆಯಾ ಎಂಬ ಹೆಂಡತಿ, ಇಷ್ಟು ಅವನಿಗಿದ್ದದ್ದು. ಇವನ್ನೆಲ್ಲ ಯಾರು ನಡೆಸಿಕೊಂಡು ಹೋಗುತ್ತಿದ್ದಾರೆ ಎಂಬುದು ಮಾತ್ರ ಅವನಿಗೆ ಸರಿಯಾಗಿ ತಿಳಿದಿರಲಿಲ್ಲ.

ಆ ವರ್ಷದ ಸುಗ್ಗಿಯೂಟದಲ್ಲಿ ಆದದ್ದು ಇದು. ಊರಿನ ಸಭಾಭವನದಲ್ಲಿ ಪ್ರತಿ ಮನೆಯ ಹೆಂಗಸೂ ಒಂದೊಂದು ಅಡುಗೆ ತಂದಿಟ್ಟಿದ್ದಳು. ಪೆತ್ರೆಯಾ ತಂದದ್ದು ಎಂದಿನಂತೆ ಸೇಬಿನ ಬಾಣಲೆ. ಹಂದಿಯ ಕೊಬ್ಬಿನಲ್ಲಿ ಈರುಳ್ಳಿ, ಆಮೇಲೆ ಹುಳಿ ಸೇಬು ಹುರಿದು, ಮೇಲೆ ಗರಿಗರಿ ಮಾಂಸದ ಪಟ್ಟಿ ಹರಡಿ, ಬಾಣಲೆಯನ್ನೇ ಮೇಜಿನ ನಡುವೆ ಇಟ್ಟು, ಕಪ್ಪು ರೈ ಬ್ರೆಡ್ಡಿನ ಜೊತೆ ತಿನ್ನುವ ಹಳ್ಳಿಯೂಟ. ಬೇರೆ ಬಾಣಲೆಗಳಲ್ಲಿ ಇನ್ನೂ ಅರ್ಧ ಉಳಿದಿರುವಾಗ ಅವಳದನ್ನು ಜನ ಬ್ರೆಡ್ಡಿನ ಅಂಚಿನಿಂದ ಒರೆಸಿ ತಿನ್ನುತ್ತಿದ್ದರು. ಹಾಲಿನ ಡೈರಿಯ ಅಧ್ಯಕ್ಷರು ಎದ್ದು ನಿಂತು, ಪೆತ್ರೆಯಾಳ ಕೈಗೆ ಇಡೀ ದ್ವೀಪದಲ್ಲಿ ಸಾಟಿಯಿಲ್ಲ ಎಂದರು. ಅಷ್ಟಕ್ಕೇ ಬಿಟ್ಟಿದ್ದರೆ ಈ ಕಥೆಯೇ ಇರುತ್ತಿರಲಿಲ್ಲ. ಹೊಟ್ಟೆಯೊಳಗೆ ಎರಡು ಲೋಟ ಇಳಿದಿದ್ದ ಓಸ್ವಾಲ್ಡ್ ಎದ್ದ.

"ಅದು ನಮ್ಮಮ್ಮನ ಕೈರುಚಿ. ಅಮ್ಮ ಹೇಳ್ಕೊಟ್ಟದ್ದು. ಪೆತ್ರೆಯಾ ಬರೀ ಕೈಯಾಡಿಸ್ತಾಳೆ ಅಷ್ಟೆ," ಎಂದ. ಜನ ನಕ್ಕರು. ನಕ್ಕರಲ್ಲ ಎಂದು ಇನ್ನೊಂದು ಮಾತು ಸೇರಿಸಿದ: "ಅದೇನು ದೊಡ್ಡ ವಿದ್ಯೇನಾ, ನಾನೂ ಮಾಡ್ತೀನಿ."

ಪೆತ್ರೆಯಾ ಅಲ್ಲೇ ತಟ್ಟೆ ಒರೆಸುತ್ತಿದ್ದಳು. ಒರೆಸಿದ್ದನ್ನೇ ಮತ್ತೆ ಒರೆಸಿದಳು. ಕೂಗಾಡುವ ಹೆಂಡತಿಯಿಂದ ಅಪಾಯವಿಲ್ಲ. ಒಣಗಿದ ತಟ್ಟೆಯನ್ನು ಇನ್ನೊಂದು ಸಲ ಒರೆಸುವವಳ ಹತ್ತಿರ ಹುಷಾರಾಗಿರಬೇಕು. ಇಷ್ಟು ತಿಳಿಯಲು ಯಾವ ಶಾಲೆಯೂ ಬೇಡ. ಓಸ್ವಾಲ್ಡನಿಗೆ ತಿಳಿಯಲಿಲ್ಲ. ಮರುದಿನ ಬೆಳಿಗ್ಗೆ ಹಾಲು ಕರೆದಾದ ಮೇಲೆ ಅವಳು ಕೋಟು ಹಾಕಿಕೊಂಡು ಬಾಗಿಲಲ್ಲಿ ನಿಂತು, "ಇನ್ಮೇಲೆ ಕೈಯಾಡಿಸೋದೂ ನೀನೇ ಮಾಡ್ಕೋ," ಎಂದಳು. ಅಸೆನ್ಸ್ ಪಟ್ಟಣದಲ್ಲಿದ್ದ ಅಕ್ಕನ ಮನೆಗೆ ಬಸ್ಸು ಹತ್ತಿಬಿಟ್ಟಳು.

ಹೆಂಡತಿ ಮುನಿಸಿಕೊಂಡು ಹೋದಳು ಎಂದು ಊರಿಗೆ ಹೇಳುವುದು ಹೇಗೆ? ಡೈರಿಯಲ್ಲಿ ಕೇಳಿದವರಿಗೆ ಅವಳಿಗೆ ಹಲ್ಲುನೋವು, ಅಸೆನ್ಸಿಗೆ ಹೋಗಿದ್ದಾಳೆ ಎಂದ. ಬೇಕರಿಯಲ್ಲಿ, ಹೇಳಿದ್ದು ಮರೆತು, ಬೆನ್ನುನೋವು ಎಂದ. ರಸ್ತೆಯಾಚೆಯ ಮನೆಯ ಹೆಂಗಸು ಕೇಳಿದಾಗ ನೋವು ಎಂಬುದಷ್ಟೇ ನೆನಪಿತ್ತು, ಎದೆಯನ್ನು ತೋರಿಸಿದ. ಹಳ್ಳಿಯಲ್ಲಿ ಸುದ್ದಿಗಳು ಬೇರೆ ಬೇರೆ ಇರಲು ಒಪ್ಪುವುದಿಲ್ಲ, ಒಂದು ಕಡೆ ಸೇರಿಕೊಳ್ಳುತ್ತವೆ. ಹಲ್ಲು, ಬೆನ್ನು, ಎದೆ ಮೂರೂ ಸೇರಿದಾಗ ಇದು ಸಣ್ಣ ಕಾಯಿಲೆಯಲ್ಲ, ಪಾಪ ಓಸ್ವಾಲ್ಡ್ ಮುಚ್ಚಿಡುತ್ತಿದ್ದಾನೆ ಎಂದು ಕ್ರಾಗೆಲುಂಡ್ ತೀರ್ಮಾನಿಸಿತು.

ಅಷ್ಟರಲ್ಲಿ ಹಾಲಿನ ಲಾರಿಯವನ ಬಾಯಲ್ಲಿ ಪೆತ್ರೆಯಾ ಹೇಳಿಕಳಿಸಿದಳು: ಶನಿವಾರ ಮಧ್ಯಾಹ್ನದ ಬಸ್ಸಿಗೆ ಬರುತ್ತೇನೆ, ನನ್ನ ಉಣ್ಣೆಬಟ್ಟೆ ತೆಗೆದುಕೊಂಡು ಅದೇ ಬಸ್ಸು ದೋಣಿಕಟ್ಟೆಯಿಂದ ತಿರುಗಿ ಬಂದಾಗ ಹೋಗುತ್ತೇನೆ. ಓಸ್ವಾಲ್ಡನಿಗೆ ತಿಳಿಯದ ವಿಷಯಗಳು ಬಹಳ. ಆದರೆ ಅಕ್ಟೋಬರಿನಲ್ಲಿ ಉಣ್ಣೆಬಟ್ಟೆ ಕೇಳುವ ಹೆಂಡತಿ ವಸಂತದವರೆಗೆ ಬರುವುದಿಲ್ಲ, ವಸಂತದವರೆಗೆ ಬಾರದವಳು ಆಮೇಲೂ ಬರಲಾರಳು ಎಂಬುದು ಅವನಿಗೂ ತಿಳಿಯಿತು. ಬಸ್ಸು ದೋಣಿಕಟ್ಟೆಗೆ ಹೋಗಿ ಬರುವಷ್ಟು ಹೊತ್ತು ಮಾತ್ರ ಅವನ ಕೈಯಲ್ಲಿತ್ತು. ಮಾತಿನಿಂದ ಕೆಟ್ಟದ್ದನ್ನು ಮಾತಿನಿಂದ ಸರಿಮಾಡುವ ಧೈರ್ಯ ಅವನಿಗಿರಲಿಲ್ಲ. ಸೇಬಿನ ಬಾಣಲೆ ಮಾಡಿ ಅವಳ ಮುಂದಿಡುತ್ತೇನೆ, ತಿಂದರೆ ಉಳಿಯುತ್ತಾಳೆ ಎಂದುಕೊಂಡ.

ಗುರುವಾರ ಒಮ್ಮೆ ಮಾಡಿ ನೋಡಿದ. ನಾಯಿ ಬಂದು ಮೂಸಿತು, ಯಜಮಾನನ ಮುಖ ನೋಡಿತು, ಹೊರಗೆ ಹೋಗಿ ಮಲಗಿತು. ಶುಕ್ರವಾರ ಮಾಡಿದ್ದಕ್ಕೆ ಅದು ಒಳಗೇ ಬರಲಿಲ್ಲ. ಅಮ್ಮ ಮಾಡುತ್ತಿದ್ದ ರೀತಿ ಅವನಿಗೆ ಚೆನ್ನಾಗಿ ನೆನಪಿತ್ತು: ಮಾಂಸ, ಈರುಳ್ಳಿ, ಸೇಬು ಎಲ್ಲ ಒಟ್ಟಿಗೆ ಸುರಿದು, ಮುಚ್ಚಳ ಮುಚ್ಚಿ, ಕೊಟ್ಟಿಗೆಗೆ ಹೋಗಿ ಒಂದು ಹಸು ಕರೆದು ಬರುವುದು. ಹಾಗೇ ಮಾಡಿದ್ದ. ಹಸು ಸರಿಯಾಗಿ ಹಾಲು ಬಿಡಲಿಲ್ಲ, ಅದಕ್ಕೇ ಕೆಟ್ಟಿತು ಎಂದುಕೊಂಡ. ಕುಣಿಯಲಾರದವಳಿಗೆ ನೆಲ ಡೊಂಕು.

ಶನಿವಾರ ಬೆಳಿಗ್ಗೆ ಎಲ್ಲವನ್ನೂ ಸುರಿದು ಮುಚ್ಚಳ ಹಾಕಿ, ಈ ಸಲ ಹಸುವಿನ ಗೊಡವೆಗೆ ಹೋಗದೆ ಬಾವುಟ ಹಿಡಿದು ಅಂಗಳಕ್ಕೆ ಹೋದ. ಆ ನಾಡಿನಲ್ಲಿ ಮನೆಗೊಂದು ಬಾವುಟದ ಕಂಬ. ಹುಟ್ಟುಹಬ್ಬಕ್ಕೆ, ಮದುವೆಗೆ, ಬೇಕಾದವರು ಮನೆಗೆ ಬಂದರೆ ಕೆಂಪು ಬಿಳಿ ಬಾವುಟ ತುದಿಗೇರುತ್ತದೆ. ಪೆತ್ರೆಯಾ ಬಸ್ಸಿಳಿದೊಡನೆ ನೋಡಲಿ, ತನಗೆ ಎಷ್ಟು ಮರ್ಯಾದೆ ಎಂದು. ಹಗ್ಗ ಎಳೆದ. ಬಾವುಟ ಅರ್ಧ ಕಂಬ ಹತ್ತಿ ನಿಂತಿತು. ಮಳೆಗೆ ನೆನೆದು ಉಬ್ಬಿದ್ದ ಹಗ್ಗ ಮೇಲಿನ ರಾಟೆಯಲ್ಲಿ ಸಿಕ್ಕಿಬಿದ್ದಿತ್ತು. ಜಗ್ಗಿದ, ತೂಗಿದ, ಬೈದ. ಅಷ್ಟರಲ್ಲಿ ಅಡುಗೆಮನೆಯಿಂದ ಸುಟ್ಟ ವಾಸನೆ ಬಂತು. ಆಮೇಲೆ ನೋಡೋಣ ಎಂದು ಹಗ್ಗವನ್ನು ಅಲ್ಲೇ ಬಿಗಿದು ಒಳಗೆ ಓಡಿದ.

ಅರ್ಧ ಕಂಬಕ್ಕೆ ನಿಂತ ಬಾವುಟ ಎಂದರೆ ಆ ಮನೆಯಲ್ಲಿ ಸಾವು. ಇದು ಆ ನಾಡಿನ ಎಳೆಮಗುವಿಗೂ ಗೊತ್ತು. ಓಸ್ವಾಲ್ಡನಿಗೂ ಗೊತ್ತು. ಆದರೆ ಹೊತ್ತುತ್ತಿರುವ ಬಾಣಲೆಯ ಮುಂದೆ ನಿಂತವನಿಗೆ ಗೊತ್ತಿರುವುದೆಲ್ಲ ಎಲ್ಲಿ ನೆನಪಿರುತ್ತದೆ? ಅವನ ಅಡುಗೆಮನೆಯ ಕಿಟಕಿ ತೋಟದ ಕಡೆಗಿತ್ತು. ರಸ್ತೆಯಾಚೆಯ ಮನೆಯಲ್ಲಿ ಬಾವುಟ ಅರ್ಧಕ್ಕೇರಿದ್ದು, ಅದನ್ನು ನೋಡಿ ಶಾಲೆಯಲ್ಲಿ, ಡೈರಿಯಲ್ಲಿ, ಪಾದ್ರಿಯ ಮನೆಯಲ್ಲಿ ಏರಿದ್ದು, ಯಾವುದೂ ಅವನಿಗೆ ಕಾಣಲಿಲ್ಲ.

ಸುಟ್ಟದ್ದನ್ನು ಹಂದಿಯ ಬಾನಿಗೆ ಸುರಿದು, ಬಾಣಲೆ ಕೆರೆದು, ಮತ್ತೆ ಈರುಳ್ಳಿ ಹೆಚ್ಚಲು ಕುಳಿತ. ಕಣ್ಣಲ್ಲಿ ಧಾರಾಕಾರ ನೀರು. ಮೈಮೇಲೆ ಹೆಂಡತಿಯ ಹೂವಿನ ಏಪ್ರನ್. ಆಗ ಬಾಗಿಲು ತಟ್ಟಿ ಲೌರಿಡ್ಸ್ ಒಳಗೆ ಬಂದ. ಪಕ್ಕದ ಹೊಲದವನು. ಒಂದು ಬೇಲಿಯ ವಿಷಯಕ್ಕೆ ಇವರಿಬ್ಬರ ಮಾತು ನಿಂತು ಯುಗವಾಗಿತ್ತು. ಅಂಥವನು ಕಪ್ಪು ಕೋಟು ಹಾಕಿ, ಟೋಪಿ ಕೈಯಲ್ಲಿ ಹಿಡಿದು ನಿಂತಿದ್ದ.

ಸತ್ತ ಮನೆಗೆ ಬಂದು ಯಾರು ಸತ್ತರು ಎಂದು ಕೇಳುವ ವಾಡಿಕೆ ಅಲ್ಲಿಲ್ಲ. ಬಾವುಟ ಹೇಳಿತಲ್ಲ, ಸಾಕು. ಲೌರಿಡ್ಸ್ ಅಳುತ್ತಿರುವ ಮನುಷ್ಯನನ್ನು ನೋಡಿದ, ಏಪ್ರನ್ ನೋಡಿದ. ಬಹಳ ಹೊತ್ತು ಟೋಪಿ ತಿರುಗಿಸಿ, ಕೊನೆಗೆ, "ಬೇಲಿ ಎಲ್ಲಿ ಬೇಕೋ ಅಲ್ಲೇ ಹಾಕ್ಕೋ, ಓಸ್ವಾಲ್ಡ್. ನಂದೇನೂ ತಕರಾರಿಲ್ಲ," ಎಂದ.

ಓಸ್ವಾಲ್ಡನಿಗೆ ಎಲ್ಲ ಅರ್ಥವಾಯಿತು. ಪೆತ್ರೆಯಾ ಬಿಟ್ಟುಹೋದ ಸುದ್ದಿ ಹೊರಬಿತ್ತು. ಇಲ್ಲದಿದ್ದರೆ ಲೌರಿಡ್ಸ್ ಒಂದು ಗೇಣು ನೆಲ ಬಿಡುವವನೇ? ಮುಚ್ಚಿಟ್ಟು ಪ್ರಯೋಜನವಿಲ್ಲ ಎಂದುಕೊಂಡು, ಎಲ್ಲ ನನ್ನದೇ ತಪ್ಪು, ಸುಗ್ಗಿಯೂಟದ ದಿನ ನಾಲ್ಕು ಜನರ ಮುಂದೆ ಅವಳ ಮನಸ್ಸು ನೋಯಿಸಿದೆ ಎಂದು ಒಪ್ಪಿಕೊಂಡ. ಲೌರಿಡ್ಸ್ ಅವನ ಹೆಗಲ ಮೇಲೆ ಕೈಯಿಟ್ಟ. ಒಂದು ಮಾತಿಗೆ ಹಾಗೆಲ್ಲ ಆಗುವುದಿಲ್ಲ, ಅವಳ ಕಾಲ ಬಂದಿತ್ತು ಎಂದು ಹೇಳಬೇಕೆಂದಿದ್ದ. ಬದಲಿಗೆ ಹೊಟ್ಟೆಯಲ್ಲಿದ್ದ ಗುಟ್ಟು ಹೊರಬಂತು.

"ನಿನಗೆ ಗೊತ್ತಿರಲಿಕ್ಕಿಲ್ಲ. ಸೇಬಿನ ಬಾಣಲೆ ಮಾಡಿದಾಗೆಲ್ಲ ಅವಳು ನನಗೊಂದು ಬಟ್ಟಲು ಬೇಲಿ ಕಲ್ಲಿನ ಮೇಲೆ ಇಡ್ತಿದ್ಲು. ನಾವಿಬ್ಬರೂ ಮಾತು ಬಿಟ್ಟಾಗಿನಿಂದಲೂ."

ಪ್ರತಿ ಸಲ ಬಾಣಲೆ ಯಾಕೆ ಬೇಗ ಖಾಲಿಯಾಗುತ್ತದೆ ಎಂದು ಓಸ್ವಾಲ್ಡ್ ಎಷ್ಟೋ ಸಲ ಯೋಚಿಸಿದ್ದುಂಟು. ಪೆತ್ರೆಯಾಳೇ ಒಲೆಯ ಹತ್ತಿರ ನಿಂತು ತಿನ್ನುತ್ತಾಳೆ ಎಂದು ಒಮ್ಮೆ ಹಂಗಿಸಿದ್ದೂ ಉಂಟು. ಅವಳು ಇಲ್ಲ ಎಂದಿರಲಿಲ್ಲ. ಈಗ ಅವನು ಚಾಕು ಕೆಳಗಿಟ್ಟ.

ಮುಂದೆ ಬಂದವಳು ಬೇಕರಿಯ ಮುದುಕಿ ಟೆಕ್ಲಾ, ಕೈಯಲ್ಲಿ ಬಟ್ಟೆ ಮುಚ್ಚಿದ ಕ್ರಿಂಗ್ಲೆ ಎಂಬ ದೊಡ್ಡ ಸಿಹಿ ರೊಟ್ಟಿ. ಓಸ್ವಾಲ್ಡ್ ಹುಟ್ಟಿದಾಗ ಅವನ ತಾಯಿಯ ಪಕ್ಕದಲ್ಲಿದ್ದವಳು. ಅವಳ ಹಿಂದೆಯೇ ಪಾದ್ರಿ ರಾವ್ನ್. ಕೊಪನ್‌ಹೇಗನ್ನಿನಿಂದ ಹೊಸದಾಗಿ ಬಂದ ಮೆತ್ತಗಿನ ಮನುಷ್ಯ, ಊರಿನ ವಿಷಯ ಏನೂ ತಿಳಿಯದಿದ್ದರೂ ಎಲ್ಲ ತಿಳಿದವರಂತೆ ತಲೆದೂಗಲು ಕಲಿತಿದ್ದರು. ಹೆಂಡತಿ ಮುನಿಸಿಕೊಂಡು ಹೋದರೆ ಪಾದ್ರಿಯೂ ಬರುತ್ತಾರೆಯೇ ಎಂದು ಓಸ್ವಾಲ್ಡನಿಗೆ ಆಶ್ಚರ್ಯವಾಯಿತು. ಹೊಸಬರು, ಪಟ್ಟಣದ ಪದ್ಧತಿ ಇರಬಹುದು ಎಂದು ಸಮಾಧಾನ ಮಾಡಿಕೊಂಡ.

ಪಾದ್ರಿಗಳು ದನಿ ತಗ್ಗಿಸಿ, ಪೆತ್ರೆಯಾ ಈಗ ಎಲ್ಲಿದ್ದಾರೆ ಎಂದು ಕೇಳಿದರು. ಅಸೆನ್ಸಿನಲ್ಲಿ, ಇವತ್ತು ಮಧ್ಯಾಹ್ನ ಬರುತ್ತಾಳೆ ಎಂದ ಓಸ್ವಾಲ್ಡ್.

"ಯಾವುದರಲ್ಲಿ ತರ್ತಾರೆ?"

"ತರೋದೇನು ಬಂತು ಪಾದ್ರಿಗಳೇ? ಬಸ್ಸಲ್ಲಿ ಬರ್ತಾಳೆ."

ಪಾದ್ರಿಗಳು ಟೆಕ್ಲಾಳ ಮುಖ ನೋಡಿದರು. "ಬಸ್ಸಲ್ಲಾ?"

"ಟ್ಯಾಕ್ಸಿ ಗೀಕ್ಸಿ ಅಂತ ದುಡ್ಡು ಚೆಲ್ಲೋ ಹೆಂಗಸಲ್ಲ ಅವಳು."

ದುಃಖ ತಲೆಗೇರಿದವರ ಮಾತಿಗೆ ಎದುರಾಡಬಾರದು ಎಂದು ಪಾದ್ರಿಗಳು ಓದಿದ ಕಡೆ ಹೇಳಿಕೊಟ್ಟಿರಬೇಕು. ಅವರು ಹೌದೌದು ಎಂದು ತಲೆದೂಗಿ, ಆಕೆಗೆ ಇಷ್ಟವಾದ ಸ್ತೋತ್ರ ಯಾವುದು, ಹಾಡಿಸೋಣ ಎಂದರು. ಇದು ಸ್ವಲ್ಪ ಅತಿಯಾಯಿತು ಎಂದು ಓಸ್ವಾಲ್ಡನಿಗೆ ಅನ್ನಿಸಿತು. ಆದರೂ ಪಾದ್ರಿಗಳು ಇಷ್ಟು ಮುತುವರ್ಜಿ ವಹಿಸುವಾಗ ಬೇಡವೆನ್ನುವುದು ಹೇಗೆ?

"ಯಾವುದಾದರೂ ಚಿಕ್ಕದು ಹಾಡಿಸಿ. ಉದ್ದದ್ದು ಹಾಡಿದರೆ ಅವಳು ಅರ್ಧಕ್ಕೇ ಎದ್ದು ಹೋಗ್ತಾಳೆ," ಎಂದ.

ಲೌರಿಡ್ಸ್ ಕಿಟಕಿಯ ಕಡೆ ತಿರುಗಿ ಮೂಗು ಒರೆಸಿಕೊಂಡ. ಪಾದ್ರಿಗಳು ಕುರ್ಚಿಯ ತುದಿಯಲ್ಲಿ ಕುಳಿತರು.

ಓಸ್ವಾಲ್ಡ್ ಈರುಳ್ಳಿಯನ್ನೂ ಸೇಬನ್ನೂ ಮಾಂಸವನ್ನೂ ಒಂದೇ ಬೋಗುಣಿಗೆ ಹಾಕಿಕೊಂಡು ಒಲೆಯ ಹತ್ತಿರ ನಡೆದ. ಹೊತ್ತಾಯಿತು, ಅವಳು ಬರುವಷ್ಟರಲ್ಲಿ ಆಗಬೇಕು, ಅಮ್ಮ ಮಾಡುತ್ತಿದ್ದ ಹಾಗೆಯೇ ಮಾಡಿ ಅವಳ ಮುಂದಿಡುತ್ತೇನೆ ಎಂದು ಅವರಿಗೆಲ್ಲ ಹೇಳಿದ. ಟೆಕ್ಲಾ ಅಲ್ಲಿಯವರೆಗೆ ಕಣ್ಣೊರೆಸಿಕೊಳ್ಳುತ್ತಿದ್ದವಳು ಕರವಸ್ತ್ರ ಕೆಳಗಿಳಿಸಿದಳು.

"ನಿಮ್ಮಮ್ಮ ಮಾಡ್ತಿದ್ದ ಹಾಗಾ? ಬೇಡ ಮಗಾ. ಇವತ್ತೊಂದು ದಿನ ಬೇಡ."

ಯಾಕೆ ಎಂದು ಓಸ್ವಾಲ್ಡ್ ಕೇಳಿದ. ಟೆಕ್ಲಾ ಸತ್ತವರ ಬಗ್ಗೆ ಕೆಟ್ಟದಾಡುವವಳಲ್ಲ. ಆದರೆ ಇಬ್ಬರು ಸತ್ತವರಲ್ಲಿ ಒಬ್ಬರಿಗಾದರೂ ನ್ಯಾಯ ಸಲ್ಲಬೇಕಲ್ಲ ಎಂದುಕೊಂಡಳೋ ಏನೋ, ಕುರ್ಚಿ ಎಳೆದು ಕುಳಿತು ಎಲ್ಲ ಹೇಳಿಬಿಟ್ಟಳು. ಓಸ್ವಾಲ್ಡನ ತಾಯಿ ಒಳ್ಳೆಯ ಹೆಂಗಸು, ಹಸು ಸಾಕುವುದರಲ್ಲಿ ಗಟ್ಟಿಗಿತ್ತಿ. ಅವಳು ಮಾಡಿದ ಸೇಬಿನ ಬಾಣಲೆ ಮಾತ್ರ ಅಂಬಲಿ. ಸುಗ್ಗಿಯೂಟದಲ್ಲಿ ಜನ ಅದನ್ನು ಮರ್ಯಾದೆಗೆ ಬಡಿಸಿಕೊಂಡು ಮೇಜಿನ ಕೆಳಗಿನ ನಾಯಿಗಳಿಗೆ ದಾಟಿಸುತ್ತಿದ್ದರು. ಹಿಂದಿನ ಪಾದ್ರಿಯೊಬ್ಬರು ಜೇಬಿಗೆ ಹಾಕಿಕೊಂಡು ಕೋಟು ಹಾಳುಮಾಡಿಕೊಂಡಿದ್ದರು. ಪೆತ್ರೆಯಾ ಸೊಸೆಯಾಗಿ ಬಂದ ಮೊದಲ ವರ್ಷ, ಬೇಕರಿಯ ಹಿಂದಿನ ಒಲೆಯಲ್ಲಿ, ಟೆಕ್ಲಾಳ ಕಣ್ಣೆದುರೇ, ಒಂದಲ್ಲ ಹತ್ತು ಸಲ ಮಾಡಿ ಕೆಡಿಸಿ ತನ್ನದೇ ದಾರಿ ಕಂಡುಕೊಂಡಳು. ಚೆನ್ನಾಗಿದೆ ಎಂದು ಜನ ಹೊಗಳಿದಾಗ ಇದು ನಮ್ಮತ್ತೆಯ ಕೈಗುಣ ಎಂದಳು. ಮುದುಕಿಗೆ ಬೇಸರವಾಗಬಾರದು ಎಂದು. ಆಮೇಲೆ ಮುದುಕಿ ತೀರಿಕೊಂಡರೂ, ಮಗನಿಗೆ ಬೇಸರವಾಗಬಾರದು ಎಂದು ಹಾಗೇ ಹೇಳುತ್ತ ಬಂದಳು.

"ಊರಿಗೆಲ್ಲ ಗೊತ್ತಿತ್ತು," ಎಂದಳು ಟೆಕ್ಲಾ. "ನಿನ್ನೊಬ್ಬನಿಗೆ ಬಿಟ್ಟು."

ಓಸ್ವಾಲ್ಡನ ಬಾಯಲ್ಲಿ ಮಾತಿರಲಿಲ್ಲ. ಈ ಸಂಗತಿಯನ್ನು ಬರೆದಿಟ್ಟುಕೊಳ್ಳಬೇಕು, ಇದು ಮೊದಲ ಸಲ. ಹಸು, ಬೇಲಿ, ಹಲ್ಲುನೋವು ಎಲ್ಲ ಮರೆತು ಅವನು ಬೋಗುಣಿ ಹಿಡಿದು ನಿಂತುಬಿಟ್ಟ. ಹೆಂಡತಿ ತಾನಾಗಿ ಕೊಟ್ಟ ಕೀರ್ತಿ ಅದು. ಅದನ್ನೇ ಕೋಲು ಮಾಡಿಕೊಂಡು ಅವಳನ್ನೇ ಹೊಡೆದಿದ್ದ, ಅದೂ ನಾಲ್ಕು ಜನರ ಮುಂದೆ. ಕೊನೆಗೆ ಬೋಗುಣಿಯನ್ನು ಟೆಕ್ಲಾಳ ಮುಂದಿಟ್ಟು, "ಅವಳು ಮಾಡ್ತಿದ್ದದ್ದು ಹೇಗೆ, ಹೇಳ್ಕೊಡು," ಎಂದ.

ಆಮೇಲೆ ಆ ಅಡುಗೆಮನೆಯಲ್ಲಿ ನಡೆದದ್ದು ಯಾವ ಸಾವಿನ ಮನೆಯಲ್ಲೂ ನಡೆದಿರಲಾರದು. ಟೆಕ್ಲಾ ಕುಳಿತಲ್ಲಿಂದಲೇ ಕಡ್ಡಿ ಮುರಿದಂತೆ ಹೇಳಿದಳು: ಮಾಂಸ ಮೊದಲು, ಗರಿಯಾದ ಮೇಲೆ ಹೊರಗೆ, ಬಿಟ್ಟ ಕೊಬ್ಬಿನಲ್ಲಿ ಈರುಳ್ಳಿ, ಸಣ್ಣ ಉರಿ, ಅದು ಹೊಂಬಣ್ಣಕ್ಕೆ ತಿರುಗಿದ ಮೇಲೆ ಸೇಬು, ಸಿಪ್ಪೆ ಸಮೇತ, ದಪ್ಪ ಹೋಳು, ಮುಚ್ಚಳ ಮುಟ್ಟಬಾರದು. ಸಿಹಿ ಸೇಬು ಕರಗಿಹೋಗುತ್ತದೆ, ಬಾವಿಯ ಹತ್ತಿರದ ಮರದ ಹುಳಿ ಸೇಬೇ ಬೇಕು ಎಂದಾಗ ಲೌರಿಡ್ಸ್ ಕಪ್ಪು ಕೋಟಿನಲ್ಲೇ ಮರ ಹತ್ತಿದ. ಪಾದ್ರಿಗಳು ತೋಳು ಮಡಚಿ ಒಲೆಗೆ ಸೌದೆ ಹಾಕಿದರು. ಹೊಗೆ ತುಂಬಿಕೊಂಡು ನಾಲ್ವರೂ ಕೆಮ್ಮಿದರು. ಓಸ್ವಾಲ್ಡ್ ಅಭ್ಯಾಸಬಲದಿಂದ ಸೌಟು ಎತ್ತಿದ. ಟೆಕ್ಲಾ ಅವನ ಕೈಗೆ ಹೊಡೆದಳು.

"ಸೌಟು ಹಾಕ್ಬೇಡ. ಬಾಣಲೆ ಅಲ್ಲಾಡಿಸು. ಅವಳು ಒಂದು ದಿನವೂ ಕೈಯಾಡಿಸಿದವಳಲ್ಲ."

ಓಸ್ವಾಲ್ಡ್ ಬಾಣಲೆ ಅಲ್ಲಾಡಿಸುತ್ತಿದ್ದ. ಲೌರಿಡ್ಸ್, ಈರುಳ್ಳಿ ಸಾಲದು ಎಂದ. ಅವನ ಬಟ್ಟಲಲ್ಲಿ ಯಾವಾಗಲೂ ಈರುಳ್ಳಿ ಹೆಚ್ಚಿರುತ್ತಿತ್ತಂತೆ. ಅವಳಿಗೆ ಯಾರಿಗೆ ಏನಿಷ್ಟ ಎಂದು ಗೊತ್ತಿತ್ತು ಎಂದಳು ಟೆಕ್ಲಾ. ಹೊರಗೆ ಬಸ್ಸು ನಿಂತು ಮುಂದೆ ಹೋದ ಸದ್ದು ಯಾರಿಗೂ ಕೇಳಿಸಲಿಲ್ಲ.

ಬಾಗಿಲು ತೆರೆಯಿತು. ಕೋಟಿನ ಗುಂಡಿಯನ್ನು ಕತ್ತಿನವರೆಗೆ ಹಾಕಿಕೊಂಡು ಪೆತ್ರೆಯಾ ನಿಂತಿದ್ದಳು. ಓಡಿಬಂದವಳಂತೆ ಏದುಸಿರು ಬಿಡುತ್ತಿದ್ದಳು.

ಪಾದ್ರಿಗಳ ಕೈಯಿಂದ ಸೌದೆ ಬಿತ್ತು. ಲೌರಿಡ್ಸ್ ಸೇಬು ಕಚ್ಚಿದ ಬಾಯಿ ಹಾಗೇ ಬಿಟ್ಟ. ವಯಸ್ಸಾದವರು ಯಾವುದಕ್ಕೂ ಬೇಗ ಹೊಂದಿಕೊಳ್ಳುತ್ತಾರೆ. ಟೆಕ್ಲಾ ಅವಳನ್ನು ಮೇಲಿಂದ ಕೆಳಗೆ ನೋಡಿ, "ಪೆತ್ರೆಯಾ, ನೀನು ಸತ್ತಿದ್ದೀಯ," ಎಂದಳು.

"ಗೊತ್ತು. ಬಸ್ಸಿನವನು ಹೇಳಿದ," ಎಂದಳು ಪೆತ್ರೆಯಾ.

ಬಾವುಟದ ಸಂಗತಿ ಬಿಡಿಸಿಕೊಳ್ಳಲು ಸ್ವಲ್ಪ ಹೊತ್ತು ಹಿಡಿಯಿತು. ಎಲ್ಲರೂ ಅಂಗಳಕ್ಕೆ ಹೋಗಿ ಮೇಲೆ ನೋಡಿದರು. ಓಸ್ವಾಲ್ಡ್ ತಾನು ಎಳೆದ ಹಗ್ಗವನ್ನು ಬೇರೆ ಯಾರೋ ಎಳೆದ ಹಾಗೆ ನೋಡಿದ. ನಿನಗೆ ಮರ್ಯಾದೆ ಮಾಡೋಣ ಎಂದು ಏರಿಸಿದೆ ಎಂದು ಹೆಂಡತಿಗೆ ಹೇಳಿದ. ಹೆಂಡತಿ, ಮರ್ಯಾದೆ ಊರಿಗೆಲ್ಲ ಕಾಣಿಸಿತು ಎಂದಳು. ಪಾದ್ರಿಗಳು ಇಂಥದ್ದಕ್ಕೆ ಯಾವ ಪ್ರಾರ್ಥನೆ ಹೇಳಬೇಕೆಂದು ತಿಳಿಯದೆ ಡೈರಿಗೆ, ಶಾಲೆಗೆ ಸುದ್ದಿ ಮುಟ್ಟಿಸುತ್ತೇನೆ ಎಂದು ಅವಸರದಲ್ಲಿ ಹೊರಟರು. ಟೆಕ್ಲಾ ಕ್ರಿಂಗ್ಲೆಯನ್ನು ಬಿಟ್ಟು ಹೋದಳು. ಸತ್ತವರಿಗೆ ತಂದದ್ದನ್ನು ಬದುಕಿದವರು ತಿಂದರೆ ದೋಷವಿಲ್ಲ ಎಂದಳು. ಲೌರಿಡ್ಸ್ ಮಾತ್ರ ಗೇಟಿನವರೆಗೆ ಹೋದವನು ಟೋಪಿ ಸರಿಮಾಡಿಕೊಂಡು ವಾಪಸು ಬಂದ.

"ಓಸ್ವಾಲ್ಡ್, ಆ ಬೇಲಿ ವಿಷಯ," ಎಂದ. "ಪೆತ್ರೆಯಾ ಬದುಕಿರೋದು ನನಗೆ ಬಹಳ ಸಂತೋಷ. ಆದರೆ ಬೇಲಿ ಇನ್ನೊಂದ್ಸಲ ಯೋಚನೆ ಮಾಡ್ಬೇಕಾಗುತ್ತೆ."

ಅಡುಗೆಮನೆಯಲ್ಲಿ ಇಬ್ಬರೇ ಉಳಿದರು. ಬಾಣಲೆ ಮೇಜಿನ ನಡುವೆ ಇತ್ತು. ಎಲ್ಲರೂ ಹೊರಗೆ ಹೋಗಿದ್ದಾಗ ಒಂದು ಬದಿ ಕಪ್ಪಾಗಿತ್ತು, ಇನ್ನೊಂದು ಬದಿಯ ಸೇಬು ಇನ್ನೂ ಬೆಂದಿರಲಿಲ್ಲ. ಪೆತ್ರೆಯಾ ಕೋಟು ತೆಗೆಯದೆ ಕುರ್ಚಿಯ ಮೇಲೆ ಕುಳಿತಳು. ಉಣ್ಣೆಬಟ್ಟೆಯ ಮಾತನ್ನು ಅವಳೂ ಎತ್ತಲಿಲ್ಲ, ಅವನೂ ಎತ್ತಲಿಲ್ಲ. ಓಸ್ವಾಲ್ಡ್ ರೈ ಬ್ರೆಡ್ಡು ಕತ್ತರಿಸಿ ಅವಳ ಮುಂದಿಟ್ಟ.

"ಅಮ್ಮ ಮಾಡ್ತಿದ್ದದ್ದು ಅಂಬಲಿ," ಎಂದ.

ಪೆತ್ರೆಯಾ ತಲೆಯೆತ್ತಿದಳು. ಮದುವೆಯಾದಾಗಿನಿಂದ ಅವನು ತಾಯಿಯ ಬಗ್ಗೆ ಇಂಥ ಮಾತು ಆಡಿದ್ದಿಲ್ಲ.

"ಯಾರು ಹೇಳಿದ್ರು?"

"ಟೆಕ್ಲಾ ಹೇಳಿದ್ಲು. ಅದಕ್ಕೂ ಮೊದಲು ನಾಯಿ ಹೇಳಿತ್ತು, ನನಗೆ ತಿಳೀಲಿಲ್ಲ." ಸ್ವಲ್ಪ ತಡೆದು, "ಇದು ನಿನ್ನ ಬಾಣಲೆ, ಪೆತ್ರೆಯಾ. ಮುಂದಿನ ವರ್ಷ ಸಭಾಭವನದಲ್ಲಿ ಎದ್ದು ನಿಂತು ಹೇಳ್ತೀನಿ," ಎಂದ.

"ಎದ್ದು ನಿಲ್ಲೋದು ಬೇಡ. ಕೂತಲ್ಲೇ ಹೇಳು. ಮುಂದಿನ ವರ್ಷದವರೆಗೂ ಯಾಕೆ ಕಾಯ್ಬೇಕು, ಡೈರಿಯಲ್ಲಿ ಹೇಳು."

ಅವಳು ಫೋರ್ಕು ತೆಗೆದುಕೊಂಡು ನಡುವಿನಿಂದ ಬೆಂದ ಒಂದು ಹೋಳು ಸೇಬು, ಸ್ವಲ್ಪ ಈರುಳ್ಳಿ ಎತ್ತಿ ಬಾಯಿಗಿಟ್ಟಳು. ಓಸ್ವಾಲ್ಡ್ ಅವಳ ದವಡೆಯನ್ನೇ ನೋಡುತ್ತ ನಿಂತ. ಕೋರ್ಟಿನಲ್ಲಿ ತೀರ್ಪಿಗೆ ನಿಂತವರು ಇದಕ್ಕಿಂತ ಧೈರ್ಯವಾಗಿರುತ್ತಾರೆ.

"ಉಪ್ಪಿಲ್ಲ," ಎಂದಳು. ಇನ್ನೊಂದು ಹೋಳು ಎತ್ತಿದಳು. ಅದನ್ನು ತಿಂದು ಮುಗಿಸಿ, ಬಾಣಲೆಯನ್ನೇ ನೋಡುತ್ತ, ಹಾಲಿನ ಲೆಕ್ಕ ಹೇಳುವ ದನಿಯಲ್ಲಿ ಹೇಳಿದಳು: "ಚರ್ಚಿನ ತಿರುವಿನಲ್ಲಿ ನಮ್ಮ ಬಾವುಟ ಕಾಣಿಸ್ತು. ಮನೇಲಿ ಇದ್ದವನು ನೀನೊಬ್ಬನೇ. ಅಲ್ಲಿಂದ ಡೈರಿವರೆಗೂ ನಾನು ವಿಧವೆಯಾಗಿದ್ದೆ. ಡೈರಿ ಹತ್ತಿರ ಡ್ರೈವರ್ ಹೇಳಿದ, ಸತ್ತಿರೋದು ಯೂಲರನ ಹೆಂಡತಿಯಂತೆ ಅಂತ. ಆಗ ಸಮಾಧಾನ ಆಯ್ತು."

ಓಸ್ವಾಲ್ಡ್ ಎದುರು ಕುರ್ಚಿಯಲ್ಲಿ ಕುಳಿತ. ಅವನಿಗೆ ಏನೋ ಹೇಳಬೇಕಿತ್ತು. ಹೇಳಿದರೆ ಕೆಡುತ್ತದೆ ಎಂದು ಈ ಒಂದು ಸಲ ಹೊಳೆಯಿತು. ಫೋರ್ಕು ತೆಗೆದುಕೊಂಡು ಸುಟ್ಟ ಬದಿಯಿಂದ ತಿನ್ನತೊಡಗಿದ.

ಹೊರಗೆ ದೋಣಿಕಟ್ಟೆಯಿಂದ ತಿರುಗಿ ಬಂದ ಬಸ್ಸು ಗೇಟಿನ ಮುಂದೆ ನಿಂತು ಹಾರ್ನ್ ಹೊಡೆಯಿತು. ಕೇಳಿಸದವನಂತೆ ಇರಬಹುದಿತ್ತು. ಓಸ್ವಾಲ್ಡ್ ಬ್ರೆಡ್ಡಿನ ಮೇಲೆ ಕಣ್ಣಿಟ್ಟು, "ಬಸ್ಸು ಬಂತು," ಎಂದ.

ಪೆತ್ರೆಯಾ ಅಗಿಯುವುದನ್ನು ಮುಗಿಸಿದಳು. ಬಾಣಲೆಯ ತಳಕ್ಕೆ ಕಚ್ಚಿಕೊಂಡಿದ್ದ ಕಪ್ಪನ್ನು ಫೋರ್ಕಿನ ತುದಿಯಿಂದ ಕೆರೆದು ನೋಡಿದಳು. ಬರಲಿಲ್ಲ.

"ಹೋಗಲಿ ಬಿಡು," ಎಂದಳು. "ಇದನ್ನ ಉಜ್ಜಿ ತೆಗೆಯೋಕೆ ಸಂಜೆ ಆಗುತ್ತೆ. ಉಜ್ಜೋನು ನೀನು. ಸರಿಯಾಗಿ ಉಜ್ಜಿದ್ಯಾ ಅಂತ ನೋಡೋಕೆ ಒಬ್ಬರು ಇರ್ಬೇಕಲ್ಲ."

ಕೋಟಿನ ಮೇಲಿನ ಗುಂಡಿ ಬಿಚ್ಚಿದಳು.